ಮಗುವಿನ ಬಗ್ಗೆ ಕೆಟ್ಟ ಯೋಚನೆ ಬರುತ್ತೆ, ಡಾಕ್ಟರ್ ಒಸಿಡಿ ಅಂದರು: ಇದರ ಅರ್ಥ ಏನು?

ಪ್ರಶ್ನೆ: ನನಗೆ 27 ವರ್ಷ. ಬಾಣಂತನಕ್ಕೆ ಬಂದವಳು ಹಾವೇರಿ ಜಿಲ್ಲೆಯ ತವರುಮನೆಯಲ್ಲೇ ಇದ್ದೇನೆ. ಮಗಳಿಗೆ ನಾಲ್ಕು ತಿಂಗಳು. ಎರಡು ತಿಂಗಳ ಹಿಂದೆ ಈಳಿಗೆಮಣೆ ಮುಂದೆ ಕೂತು ಬದನೆಕಾಯಿ ಹೆಚ್ಚುತ್ತಿದ್ದೆ, ಮಗು ಪಕ್ಕದಲ್ಲೇ ಮಲಗಿತ್ತು. ಇದ್ದಕ್ಕಿದ್ದ ಹಾಗೆ 'ಇದರಿಂದ ಮಗುವಿಗೆ ಏನಾದರೂ ಮಾಡಿಬಿಟ್ಟರೆ' ಅಂತ ಅನ್ನಿಸಿತು, ಅದರ ಚಿತ್ರವೂ ಕಣ್ಣ ಮುಂದೆ ಬಂತು. ಮೈಯೆಲ್ಲ ನಡುಗಿತು. ಅವತ್ತಿನಿಂದ ಈಳಿಗೆಮಣೆಯನ್ನು ಅಟ್ಟದ ಮೇಲೆ ಬಚ್ಚಿಟ್ಟಿದ್ದೇನೆ. ಮಗುವಿಗೆ ಸ್ನಾನ ಮಾಡಿಸಲ್ಲ, ಒಬ್ಬಳೇ ಎತ್ತಿಕೊಳ್ಳಲ್ಲ. 'ನಾನು ಅಂಥವಳಲ್ಲ ಅಲ್ವಾ' ಅಂತ ಅಮ್ಮನನ್ನು ಕೇಳುತ್ತಲೇ ಇರುತ್ತೇನೆ, ಊರಲ್ಲಿರುವ ಗಂಡನಿಗೂ ದಿನಕ್ಕೆ ಹತ್ತು ಹದಿನೈದು ಸಲ ಫೋನ್ ಮಾಡಿ ಅದನ್ನೇ ಕೇಳುತ್ತೇನೆ. ಅಮ್ಮ ದೃಷ್ಟಿ ತೆಗೆಸಿದರು, ತಾಯಿತ ಕಟ್ಟಿಸಿದರು. ಕೊನೆಗೆ ಅಣ್ಣ ಮನೋವೈದ್ಯರ ಹತ್ತಿರ ಕರೆದುಕೊಂಡು ಹೋದ. ಅವರು ಇದು ಒಸಿಡಿ ಅಂದರು, ಮಾತ್ರೆ ಬರೆದುಕೊಟ್ಟರು. ನಾನು ಅಂಥ ಶುಚಿಯವಳೇನಲ್ಲ, ನನಗೆ ಹೇಗೆ ಒಸಿಡಿ? ಈ ಯೋಚನೆಯ ಅರ್ಥ ಏನು, ನನ್ನೊಳಗೆ ಎಲ್ಲೋ ಆ ಆಸೆ ಇದೆಯಾ? ಹಾಲು ಕುಡಿಸುವಾಗ ಮಾತ್ರೆ ತಗೋಬಹುದಾ? ಮುಂದಿನ ತಿಂಗಳು ಗಂಡನ ಮನೆಗೆ ಹೋಗಬೇಕು. ಹಗಲು ಹೊತ್ತು ಅಲ್ಲಿ ನಾನು, ಮಗು ಇಬ್ಬರೇ. ಹೋಗಲಾ?

ಉತ್ತರ:

ನೇರವಾಗಿ ಹೇಳಿಬಿಡುತ್ತೇನಮ್ಮ. ನಿಮ್ಮೊಳಗೆ ಆ ಆಸೆ ಇಲ್ಲ. ಆಸೆ ಇದ್ದವರು ಈಳಿಗೆಮಣೆಯನ್ನು ಅಟ್ಟಕ್ಕೆ ಹಾಕಲ್ಲ, ಮಗುವನ್ನು ಮುಟ್ಟೋಕೆ ಹೆದರಿ ಅಮ್ಮನ ಕೈಗೆ ಕೊಡಲ್ಲ, 'ನಾನು ಅಂಥವಳಾ' ಅಂತ ಎರಡು ತಿಂಗಳು ನಿದ್ದೆಗೆಡಲ್ಲ. ಆ ಯೋಚನೆ ಬಂದ ಕ್ಷಣದಲ್ಲಿ ನಿಮ್ಮ ಮೈ ನಡುಗಿತಲ್ಲ, ನಿಮ್ಮ ಮನಸ್ಸು ಏನು ಅಂತ ಆ ನಡುಕವೇ ಹೇಳುತ್ತೆ.

ನಾನು ನಿಮ್ಮನ್ನು ಕಂಡಿಲ್ಲ, ಪತ್ರ ಮಾತ್ರ ಓದಿದ್ದೇನೆ. ನಿಮ್ಮ ಡಾಕ್ಟರ್ ಎದುರಿಗೆ ಕೂರಿಸಿಕೊಂಡು ಮಾತಾಡಿಸಿದ್ದಾರೆ, ಹಾಗಾಗಿ ಅವರ ಮಾತು ನನ್ನ ಮಾತಿಗಿಂತ ದೊಡ್ಡದು. ಆದರೆ ನೀವು ಬರೆದ ಒಂದೊಂದು ವಿವರವೂ ಅವರು ಹೇಳಿದ್ದಕ್ಕೆ ಸರಿಯಾಗಿ ಹೊಂದುತ್ತೆ. ಇಂಥ ಯೋಚನೆ ಬಂದ ತಾಯಂದಿರಲ್ಲಿ ಎಷ್ಟೋ ಜನ ಯಾರಿಗೂ ಹೇಳದೆ ವರ್ಷಗಟ್ಟಲೆ ಒಳಗೇ ಇಟ್ಟುಕೊಂಡಿರುತ್ತಾರೆ. ಹೇಳಿದರೆ ಮಗುವನ್ನು ಕಿತ್ತುಕೊಳ್ಳುತ್ತಾರೆ, ಹುಚ್ಚಿ ಅಂತಾರೆ, ಗಂಡ ಬಿಟ್ಟುಬಿಡುತ್ತಾನೆ ಅನ್ನೋ ಭಯ. ನೀವು ಎರಡೇ ತಿಂಗಳಲ್ಲಿ ಬಾಯಿ ಬಿಟ್ಟಿರಿ, ನಿಮ್ಮಣ್ಣ ಕರೆದುಕೊಂಡು ಹೋದರು. ಅರ್ಧ ಕೆಲಸ ಅಲ್ಲೇ ಆಗಿದೆ.

ಈಗ 'ನಾನು ಶುಚಿಯವಳಲ್ಲ, ನನಗೆ ಹೇಗೆ ಒಸಿಡಿ' ಅನ್ನೋ ಪ್ರಶ್ನೆ. ಇದಕ್ಕೆ ನಮ್ಮ ಭಾಷೆಯೂ ಸ್ವಲ್ಪ ಕಾರಣ. ಕನ್ನಡದಲ್ಲಿ ಇದನ್ನು ಗೀಳು ಕಾಯಿಲೆ, ಗೀಳು ಮನೋರೋಗ ಅನ್ನುತ್ತೇವೆ. ನಾನೂ ಅದೇ ಪದ ಬಳಸುತ್ತೇನೆ, ಬೇರೆ ಇಲ್ಲ. ಆದರೆ ಗೀಳು ಅಂದ ಕೂಡಲೇ ನಮಗೆ ನೆನಪಾಗೋದು ಕ್ರಿಕೆಟ್ ಗೀಳು, ಮೊಬೈಲ್ ಗೀಳು, ಇಸ್ಪೀಟಿನ ಗೀಳು. ಅಲ್ಲೆಲ್ಲ ಮನುಷ್ಯನಿಗೆ ಆ ವಸ್ತು ಬೇಕು, ಅದರಲ್ಲಿ ಸುಖ ಇದೆ, ಬಿಡು ಅಂದರೆ ಬೇಜಾರಾಗುತ್ತೆ. ಒಸಿಡಿಯಲ್ಲಿ ಇದು ಪೂರಾ ತಿರುಗುಮುರುಗು. ಬೇಡ ಬೇಡ ಅಂದರೂ ಬರುವ ಯೋಚನೆ ಅದು. ಬಂದರೆ ಸುಖ ಇಲ್ಲ, ಹೇಸಿಗೆ, ಭಯ, ನಾಚಿಕೆ. ಅದು ತೊಲಗಲಿ ಅಂತಲೇ ಮನುಷ್ಯ ಏನೇನೋ ಮಾಡುತ್ತಾನೆ. 'ನನಗೆ ಮನೆ ನೀಟಾಗಿರಬೇಕು, ನನಗೆ ಸ್ವಲ್ಪ ಒಸಿಡಿ' ಅಂತ ನಗುನಗುತ್ತಾ ಹೇಳಿಕೊಳ್ಳುವವರನ್ನು ಕೇಳಿರುತ್ತೀರಿ. ಅವರಿಗೆ ನೀಟಾಗಿರುವುದು ಇಷ್ಟ, ಅಷ್ಟೆ. ಕಾಯಿಲೆ ಬಂದವರು ನಗಲ್ಲ.

19ನೇ ಶತಮಾನದ ಫ್ರೆಂಚ್ ವೈದ್ಯರು ಇದನ್ನು 'ಸಂಶಯದ ಹುಚ್ಚು' ಅಂತ ಕರೆದಿದ್ದರು. ಹುಚ್ಚು ಅನ್ನೋ ಪದ ನನಗೆ ಹಿಡಿಸಲ್ಲ, ಆದರೆ ಸಂಶಯ ಅನ್ನೋದು ಕಾಯಿಲೆಯ ನಾಡಿ ಹಿಡಿದ ಮಾತು. ಇದು ಗಂಡನ ಮೇಲೆ, ನೆರೆಯವರ ಮೇಲೆ ಪಡುವ ಸಂಶಯದಂಥದ್ದಲ್ಲ. ತನ್ನ ಮೇಲೆ, ತನ್ನ ಕೈ ಮೇಲೆ, ತನ್ನ ನೆನಪಿನ ಮೇಲೆ ಹುಟ್ಟುವ ಅನುಮಾನ. ಗ್ಯಾಸ್ ಆಫ್ ಮಾಡಿದ್ದು ಕಣ್ಣಿಗೆ ಕಾಣುತ್ತಿರುತ್ತೆ, ಆದರೂ 'ನಿಜವಾಗಲೂ ಆಫ್ ಮಾಡಿದೆನಾ?' ಕೈ ತೊಳೆದು ಚರ್ಮ ಸುಲಿದಿರುತ್ತೆ, ಆದರೂ 'ಹೋಯಿತಾ?' ಮಗುವನ್ನು ಎದೆಗೆ ಒತ್ತಿಕೊಂಡು ಅಳುತ್ತಿರುತ್ತೀರಿ, ಆದರೂ 'ನನಗೆ ಇದರ ಮೇಲೆ ಪ್ರೀತಿ ಇದೆಯಾ?' ಮೂರೂ ಒಂದೇ ಕಾಯಿಲೆ. ಬಟ್ಟೆ ಬೇರೆ, ಅಷ್ಟೆ.

ಈ ಕಾಯಿಲೆಗೆ ಎರಡು ಭಾಗ ಇದೆ. ಒಂದು, ನುಗ್ಗಿ ಬರುವ ಯೋಚನೆ, ಚಿತ್ರ ಅಥವಾ ಕೈ ಎಳೆದ ಹಾಗಾಗುವ ಪ್ರಚೋದನೆ. ಇನ್ನೊಂದು, ಅದರ ಭಯ ತಣಿಸೋಕೆ ಮಾಡುವ ಕೆಲಸ. ತೊಳೆಯುವುದು, ಚಿಲಕ ನೋಡುವುದು ಹೊರಗೆ ಕಾಣುವ ಕೆಲಸಗಳು. ನಿಮ್ಮಲ್ಲಿ ಅಂಥದ್ದು ಇಲ್ಲ ಅಂತ ನಿಮಗೆ ಅನ್ನಿಸಿದೆ. ಇದೆಯಮ್ಮ. ಈಳಿಗೆಮಣೆ ಬಚ್ಚಿಡುವುದು ಒಂದು. ಸ್ನಾನ ಮಾಡಿಸದೇ ಇರುವುದು ಒಂದು. ಗಂಡನಿಗೆ ಹದಿನೈದು ಸಲ ಫೋನ್ ಮಾಡುವುದು ದೊಡ್ಡದೊಂದು. ನೀವು ಬರೆಯದೇ ಇರೋದೂ ಇರಬಹುದು, ನನ್ನ ಹತ್ತಿರ ಬಂದವರಲ್ಲಿ ಕಂಡದ್ದನ್ನು ಹೇಳುತ್ತೇನೆ: ಮಗುವಿನ ಮುಖ ನೋಡಿ 'ಈಗ ನನಗೆ ಪ್ರೀತಿ ಬಂತಾ, ಬರಲಿಲ್ವಾ' ಅಂತ ಒಳಗೇ ಪರೀಕ್ಷೆ ಮಾಡಿಕೊಳ್ಳುವುದು, ಯೋಚನೆ ಬಂದಾಗೆಲ್ಲ ದೇವರ ಹೆಸರನ್ನು ಇಂತಿಷ್ಟು ಸಲ ಹೇಳುವುದು, ಲೆಕ್ಕ ತಪ್ಪಿದರೆ ಮೊದಲಿಂದ ಶುರು ಮಾಡುವುದು, ಗಲ್ಲ ಬಡಿದುಕೊಂಡು ತಪ್ಪಾಯ್ತು ಅನ್ನುವುದು, ಮಕ್ಕಳಿಗೆ ಕೆಡುಕು ಮಾಡಿದ ತಾಯಂದಿರ ಸುದ್ದಿಯನ್ನು ಹುಡುಕಿ ಹುಡುಕಿ ಓದಿ 'ನಾನು ಇವಳ ಹಾಗಿದ್ದೀನಾ' ಅಂತ ಹೋಲಿಸಿಕೊಳ್ಳುವುದು. ಇದ್ಯಾವುದೂ ಬೇರೆಯವರ ಕಣ್ಣಿಗೆ ಬೀಳಲ್ಲ, ಪಕ್ಕದಲ್ಲಿ ಕೂತ ಅಮ್ಮನಿಗೂ ಗೊತ್ತಾಗಲ್ಲ. ಆದರೆ ತೊಳೆದದ್ದನ್ನೇ ಮತ್ತೆ ಮತ್ತೆ ತೊಳೆಯುವ ಕೈಗೂ ಈ ಮನಸ್ಸಿಗೂ ವ್ಯತ್ಯಾಸ ಇಲ್ಲ.

ಇನ್ನು ನಿಮ್ಮ ಮುಖ್ಯ ಪ್ರಶ್ನೆ, ಆ ಯೋಚನೆಯ ಅರ್ಥ ಏನು ಅನ್ನೋದು.

1978ರಲ್ಲಿ ಲಂಡನ್ನಿನ ಇಬ್ಬರು ಮನಶ್ಶಾಸ್ತ್ರಜ್ಞರು, ಸ್ಟ್ಯಾನ್ಲಿ ರಾಕ್‌ಮನ್ ಮತ್ತು ನಮ್ಮ ಪಕ್ಕದ ಶ್ರೀಲಂಕಾ ಮೂಲದ ಪದ್ಮಲ್ ಡಿಸಿಲ್ವ, ಒಂದು ಸರಳ ಕೆಲಸ ಮಾಡಿದರು. ಯಾವ ಕಾಯಿಲೆಯೂ ಇಲ್ಲದ ಜನರನ್ನು 'ನಿಮಗೆ ಇಷ್ಟವಿಲ್ಲದ ಕೆಟ್ಟ ಯೋಚನೆಗಳು ತಾನಾಗಿ ನುಗ್ಗಿ ಬರುತ್ತವಾ' ಅಂತ ಕೇಳಿದರು. ಹತ್ತರಲ್ಲಿ ಎಂಟು ಜನ ಹೌದು ಅಂದರು. ಯಾರನ್ನೋ ತಳ್ಳಿಬಿಡೋಣ ಅನ್ನೋದು, ಹೊಲಸು ಮಾತು, ಪ್ರೀತಿಯವರಿಗೆ ಕೇಡು ಮಾಡುವ ಚಿತ್ರ, ಎಲ್ಲ ಇತ್ತು. ಕಾಯಿಲೆ ಇದ್ದವರ ಯೋಚನೆಗಳನ್ನೂ ಇಲ್ಲದವರ ಯೋಚನೆಗಳನ್ನೂ ಪಕ್ಕಪಕ್ಕದಲ್ಲಿಟ್ಟರೆ ಇದು ಯಾರದು ಅಂತ ಗುರುತಿಸೋದು ಅನುಭವಿ ವೈದ್ಯರಿಗೂ ಸುಲಭ ಆಗಲಿಲ್ಲ. 2008ರಲ್ಲಿ ಕೆನಡಾದಲ್ಲಿ ಹೊಸ ತಾಯಂದಿರನ್ನೇ ಕೇಳಿದ ಇನ್ನೊಂದು ಅಧ್ಯಯನ ಬಂತು. ಮಗುವಿಗೆ ಆಕಸ್ಮಿಕವಾಗಿ ಏನಾದರೂ ಆಗಿಬಿಟ್ಟರೆ ಅನ್ನುವ ಯೋಚನೆ ಹೆಚ್ಚುಕಡಿಮೆ ಎಲ್ಲ ತಾಯಂದಿರಿಗೂ ಬಂದಿತ್ತು. ತಾನೇ ಬೇಕಂತ ಮಗುವಿಗೆ ನೋವು ಮಾಡುವ ಯೋಚನೆ, ಅಂದರೆ ನಿಮಗೆ ಬಂದಂಥದ್ದೇ, ಸುಮಾರು ಅರ್ಧದಷ್ಟು ತಾಯಂದಿರಿಗೆ ಬಂದಿತ್ತು. ಅರ್ಧದಷ್ಟು! ನಿಮ್ಮ ಬೀದಿಯಲ್ಲಿ ತೊಟ್ಟಿಲು ತೂಗುವ ಹೆಂಗಸರಲ್ಲಿ ಎಷ್ಟು ಜನ ಇದನ್ನು ಒಳಗೇ ನುಂಗಿಕೊಂಡಿರಬಹುದು ಯೋಚನೆ ಮಾಡಿ. ಇಂಥ ಯೋಚನೆ ಬರುವ ತಾಯಂದಿರಿಂದ ಮಗುವಿಗೆ ಅಪಾಯ ಜಾಸ್ತಿ ಆಗುತ್ತಾ ಅಂತ ಆಮೇಲೂ ಹುಡುಕಿ ನೋಡಿದ್ದಾರೆ. ಇಲ್ಲ ಅಂತಲೇ ಕಂಡಿದೆ.

ಹಾಗಾದರೆ ಅವರಿಗೆಲ್ಲ ಬಂದು ಹೋದ ಯೋಚನೆ ನಿಮ್ಮಲ್ಲಿ ಮಾತ್ರ ಯಾಕೆ ಮನೆ ಮಾಡಿತು? ಅವರು ಅದಕ್ಕೆ ಅರ್ಥ ಕೊಡಲಿಲ್ಲ. 'ಥೂ, ಏನು ಹಾಳು ಯೋಚನೆ' ಅಂದುಕೊಂಡು ಮಗುವಿನ ಲಂಗೋಟಿ ಬದಲಾಯಿಸೋಕೆ ಎದ್ದು ಹೋದರು. ನೀವು ನಿಂತಿರಿ. 'ಇದು ನನಗೆ ಯಾಕೆ ಬಂತು? ಬಂತು ಅಂದರೆ ಒಳಗೆ ಏನೋ ಇರಲೇಬೇಕು. ನಾನು ಹುಷಾರಾಗಿರದಿದ್ದರೆ ನಡೆದೇ ಹೋಗುತ್ತೆ.' ಯೋಚನೆಗೂ ಕೆಲಸಕ್ಕೂ ನಡುವೆ ಇರುವ ದೊಡ್ಡ ಗೋಡೆ ನಿಮಗೆ ಕಾಣದ ಹಾಗಾಯಿತು. ಕೆಟ್ಟದ್ದನ್ನು ಯೋಚಿಸುವುದೂ ಮಾಡುವುದೂ ಒಂದೇ ಅನ್ನಿಸೋದು ಈ ಕಾಯಿಲೆಯಲ್ಲಿ ಮತ್ತೆ ಮತ್ತೆ ಕಾಣುವ ಗುಣ. ಇದರ ಜೊತೆಗೆ ಜವಾಬ್ದಾರಿಯ ಭಾರ. ನಾಲ್ಕು ತಿಂಗಳ ಕೂಸು, ಕತ್ತು ನಿಲ್ಲುವ ಮೊದಲಿಂದ ಅದರ ಉಸಿರಿಗೂ ನೀವೇ ಕಾವಲು. ಕಾವಲುಗಾರ ತೀರಾ ಎಚ್ಚರವಾದರೆ ಏನಾಗುತ್ತೆ? ತನ್ನ ನೆರಳು ಕಂಡರೂ ಕಳ್ಳ ಅಂತ ಕೂಗುತ್ತಾನೆ.

ಇನ್ನೊಂದು ಮಾತು. ಈ ಯೋಚನೆ ಬಂದು ಕೂರುವುದು ಮನುಷ್ಯನಿಗೆ ಯಾವುದು ತುಂಬಾ ಬೆಲೆಯುಳ್ಳದ್ದೋ ಅದರ ಮೇಲೆಯೇ. ದೇವರ ಮೇಲೆ ಪ್ರಾಣ ಇಟ್ಟ ಭಕ್ತರಿಗೆ ಗರ್ಭಗುಡಿ ಮುಂದೆ ನಿಂತಾಗ ದೇವರ ಮೇಲೆ ಹೊಲಸು ಬೈಗುಳ ತಲೆಗೆ ಬರುತ್ತೆ. ತುಂಬಾ ಸಂಕೋಚದ ಹುಡುಗನಿಗೆ ಅಶ್ಲೀಲ ಚಿತ್ರ ಬರುತ್ತೆ. ಯಾರಿಗೂ ನೋವು ಮಾಡದ ಸ್ವಭಾವದವರಿಗೆ ಬೈಕ್ ಓಡಿಸುವಾಗ 'ಈಗ ಯಾರಿಗೋ ಗುದ್ದಿಬಿಟ್ಟೆನಾ' ಅಂತ ಅನುಮಾನ ಬಂದು, ಹೋದ ದಾರಿಯಲ್ಲೇ ನಾಲ್ಕು ಸಲ ವಾಪಸ್ ಹೋಗಿ ನೋಡಿ ಬರುತ್ತಾರೆ. ನಿಮಗೆ ಮಗಳು. ಮಗಳ ಬದಲು ನಿಮ್ಮ ಮನೆಯ ಚಾಪೆಯ ಬಗ್ಗೆ ಈ ಯೋಚನೆ ಬಂದಿದ್ದರೆ ಅವತ್ತೇ ಮರೆತಿರುತ್ತಿದ್ದಿರಿ.

ಆಮೇಲೆ ನೀವು ಅದನ್ನು ಓಡಿಸೋಕೆ ನೋಡಿದಿರಿ, ಅದೇ ಎಡವಟ್ಟಾಯಿತು. ನಮ್ಮ ಕಡೆ ಒಂದು ಹಳೇ ಮಾತಿದೆ, ಮದ್ದು ಕುಡಿಯುವಾಗ ಮಂಗನನ್ನು ನೆನೆಸಿಕೊಳ್ಳಬೇಡ ಅಂತ ಪಂಡಿತರು ಹೇಳಿದರಂತೆ, ಆಮೇಲೆ ರೋಗಿಗೆ ಲೋಟ ಎತ್ತಿದಾಗೆಲ್ಲ ಮಂಗನೇ. 1987ರಲ್ಲಿ ಅಮೆರಿಕದ ಡೇನಿಯಲ್ ವೆಗ್ನರ್ ಇದನ್ನೇ ಪ್ರಯೋಗ ಮಾಡಿ ತೋರಿಸಿದರು, ಅವರು ಹೇಳಿದ್ದು ಬಿಳಿ ಕರಡಿಯನ್ನು ನೆನೆಸಬೇಡಿ ಅಂತ. ನೆನೆಸಬೇಡಿ ಅಂದವರಿಗೆ ಕರಡಿ ಬರುತ್ತಲೇ ಇತ್ತು, ಆಮೇಲೆ ತಡೆ ತೆಗೆದಾಗ ಇನ್ನೂ ಜಾಸ್ತಿ ಬಂತು. ಹಾಗಾಗಿ 'ಅದನ್ನು ಯೋಚಿಸಬೇಡ, ಒಳ್ಳೇದು ಯೋಚಿಸು' ಅಂತ ನಿಮಗೆ ಯಾರು ಹೇಳಿದರೂ ಅವರ ಪ್ರೀತಿಗೆ ಕೈ ಮುಗಿಯಿರಿ, ಸಲಹೆಯನ್ನು ಅಲ್ಲೇ ಬಿಟ್ಟುಬಿಡಿ.

ಈಗ ಫೋನಿನ ವಿಷಯಕ್ಕೆ ಬರುತ್ತೇನೆ. ನಿಮ್ಮ ಯಜಮಾನರು ಒಳ್ಳೆಯವರು, ಹದಿನೈದು ಸಲ ಕೇಳಿದರೂ ಹದಿನೈದು ಸಲವೂ 'ಛೇ, ನೀನು ಅಂಥವಳಲ್ಲ' ಅನ್ನುತ್ತಾರೆ. ನಿಮಗೆ ಸಮಾಧಾನ ಆಗುತ್ತೆ. ಎಷ್ಟು ಹೊತ್ತು? ಮೊದಮೊದಲು ಅರ್ಧ ದಿನ ಬಂದಿರಬಹುದು, ಈಗ ಅರ್ಧ ಗಂಟೆಯೂ ಬರುತ್ತಿಲ್ಲ ಅಂತ ನಾನು ಊಹಿಸುತ್ತೇನೆ. ಕಜ್ಜಿ ತುರಿಸಿದ ಹಾಗೆ ಅದು. ತುರಿಸಿದಾಗ ಹಾಯ್ ಅನ್ನಿಸುತ್ತೆ, ಮರುಗಳಿಗೆ ಇನ್ನೂ ಉರಿ. ಪ್ರತಿ ಸಲ ನೀವು ಕೇಳಿ, ಅವರು ಹೇಳಿ, ಭಯ ಇಳಿದಾಗ ನಿಮ್ಮ ಮೆದುಳು ಒಂದು ತಪ್ಪು ಪಾಠ ಕಲಿಯುತ್ತೆ: 'ಓಹೋ, ಇದು ನಿಜವಾದ ಅಪಾಯವೇ ಇತ್ತು, ಕೇಳಿದ್ದಕ್ಕೆ ತಪ್ಪಿತು.' ಈಳಿಗೆಮಣೆ ಅಟ್ಟದ ಮೇಲಿರುವವರೆಗೂ 'ಅದು ಕೆಳಗಿದ್ದರೆ ನಾನು ಏನೋ ಮಾಡಿಬಿಡುತ್ತಿದ್ದೆ' ಅನ್ನುವ ಸುಳ್ಳು ಹಾಗೇ ಉಳಿಯುತ್ತೆ. ಕಾಯಿಲೆಗೆ ತುತ್ತು ಕೊಟ್ಟು ಬೆಳೆಸುತ್ತಿರೋದು ಈ ಕೆಲಸಗಳೇ. ಯೋಚನೆ ಬಂದದ್ದು ನಿಮ್ಮ ಕೈಯಲ್ಲಿ ಇರಲಿಲ್ಲ, ಮುಂದೆಯೂ ಇರಲ್ಲ. ಬಂದಮೇಲೆ ಏನು ಮಾಡುತ್ತೀರಿ ಅನ್ನೋದು ಮಾತ್ರ ನಿಧಾನಕ್ಕೆ ನಿಮ್ಮ ಕೈಗೆ ಬರುತ್ತೆ. ಇಡೀ ಚಿಕಿತ್ಸೆ ನಿಂತಿರೋದು ಇದರ ಮೇಲೆ.

ಯಾಕೆ ಬಂತು ಅಂತ ನೀವು ಕೇಳಿಲ್ಲ, ಆದರೆ ನಿಮ್ಮ ಅಮ್ಮ ಕೇಳುತ್ತಾರೆ. ದೃಷ್ಟಿ ಅಲ್ಲ, ಗಾಳಿ ಅಲ್ಲ, ಸಾಕಿದ ರೀತಿಯ ತಪ್ಪೂ ಅಲ್ಲ. ಮನೆತನದಲ್ಲಿ ಸ್ವಲ್ಪ ಮಟ್ಟಿಗೆ ಬರುತ್ತೆ. ಮೆದುಳಿನ ಮುಂಭಾಗಕ್ಕೂ ಒಳಗಿನ ಕೆಲವು ಭಾಗಗಳಿಗೂ ನಡುವೆ 'ಏನೋ ಸರಿ ಇಲ್ಲ' ಅಂತ ಎಚ್ಚರಿಸುವ ಒಂದು ಸುತ್ತು ಇದೆ, ಅದು ಕೆಲಸ ಮುಗಿದಮೇಲೂ ಸುಮ್ಮನಾಗಲ್ಲ. ಬಸುರಿ ಬಾಣಂತಿ ಹೊತ್ತು ಇದು ಹೊಸದಾಗಿ ಶುರುವಾಗೋಕೂ, ಇದ್ದದ್ದು ಜಾಸ್ತಿಯಾಗೋಕೂ ಹೆಚ್ಚು ಅವಕಾಶ ಇರುವ ಕಾಲ. ನಿದ್ದೆ ಇಲ್ಲ, ಮೈ ಬದಲಾಗಿದೆ, ಜವಾಬ್ದಾರಿ ಒಮ್ಮೆಲೇ ಬಿದ್ದಿದೆ. ಇದು ಅಪರೂಪದ್ದೇನೂ ಅಲ್ಲ. 2015-16ರ ರಾಷ್ಟ್ರೀಯ ಮಾನಸಿಕ ಆರೋಗ್ಯ ಸಮೀಕ್ಷೆಯನ್ನು ನಿಮ್ಹಾನ್ಸ್ ಮುಂದೆ ನಿಂತು ಮಾಡಿತು, ಅದರಲ್ಲಿ ದೊಡ್ಡವರಲ್ಲಿ ನೂರಕ್ಕೆ ಸುಮಾರು ಒಬ್ಬರಿಗೆ ಒಸಿಡಿ ಕಂಡಿತ್ತು.

ನಮ್ಮ ಮನೆಗಳ ಮಡಿ ಮೈಲಿಗೆಯಿಂದ ಇದು ಬರುತ್ತಾ ಅಂತ ಬಹಳ ಜನ ಕೇಳುತ್ತಾರೆ. ಸಂಪ್ರದಾಯ ಕಾಯಿಲೆಯನ್ನು ಹುಟ್ಟಿಸಲ್ಲ, ಅದಕ್ಕೆ ತೊಡೋಕೆ ಬಟ್ಟೆ ಕೊಡುತ್ತೆ. ಎಂಜಲು, ಮುಸುರೆ, ಮುಟ್ಟು ಅಂತ ಬೆಳೆದ ಮನೆಯಲ್ಲಿ ಕಾಯಿಲೆ ಬಂದರೆ ಅದೇ ವೇಷ ಹಾಕಿಕೊಂಡು ಬರುತ್ತೆ. ಮಡಿಗೂ ಒಸಿಡಿಗೂ ವ್ಯತ್ಯಾಸ ಹೇಳಬೇಕೆಂದರೆ, ಮಡಿಗೆ ಒಂದು ಕೊನೆ ಇದೆ. ಅಜ್ಜಿ ಮಿಂದು ಮಡಿ ಉಟ್ಟು ಅಡುಗೆ ಮಾಡಿ ಬಡಿಸಿ ಉಂಡು ಮಲಗುತ್ತಿದ್ದರು. ಒಸಿಡಿ ಬಂದವರು ಮಿಂದು ಬಂದು ಬಾಗಿಲು ತಾಗಿತಾ ಅಂತ ಮತ್ತೆ ಮೀಯುತ್ತಾರೆ, ಮಧ್ಯಾಹ್ನವಾದರೂ ಬಚ್ಚಲಿಂದ ಆಚೆ ಬಂದಿರಲ್ಲ, ಅಡುಗೆ ಇರಲಿ ಊಟವೂ ಆಗಿರಲ್ಲ. ದಿನಕ್ಕೆ ಒಂದು ಗಂಟೆಗಿಂತ ಜಾಸ್ತಿ ಹೊತ್ತು ಇದು ತಿನ್ನುತ್ತಿದ್ದರೆ, ಇಲ್ಲವೇ ಬದುಕಿನ ಕೆಲಸ ಕೆಡುತ್ತಿದ್ದರೆ, ಆಗ ಕಾಯಿಲೆ ಅಂತ ಲೆಕ್ಕ. ನೀವು ಮಗುವಿಗೆ ಸ್ನಾನ ಮಾಡಿಸೋದನ್ನೇ ಬಿಟ್ಟಿದ್ದೀರಿ.

ಒಂದು ವಿಷಯದಲ್ಲಿ ನಿಮ್ಮ ಮನೆಯವರು ಎಚ್ಚರವಾಗಿರಬೇಕು, ಅದನ್ನು ಮುಚ್ಚಿಡದೆ ಹೇಳುತ್ತೇನೆ. ಹೆರಿಗೆಯಾದ ಮೇಲೆ ಬರುವ ಬೇರೊಂದು ಕಾಯಿಲೆ ಇದೆ, ಬಾಣಂತಿ ಸನ್ನಿ ಅಂತಾರಲ್ಲ ಅಂಥದ್ದು. ಸಾವಿರ ಹೆರಿಗೆಗೆ ಒಂದೋ ಎರಡೋ. ಸಾಮಾನ್ಯವಾಗಿ ಮೊದಲ ಕೆಲವು ವಾರಗಳಲ್ಲೇ ಶುರುವಾಗುತ್ತೆ. ಅದರಲ್ಲಿ ತಾಯಿಗೆ ಯಾರೋ ಮಾತಾಡಿದ್ದು ಕೇಳಿಸಬಹುದು, ಮಗು ತನ್ನದಲ್ಲ, ಮಗುವಿನಲ್ಲಿ ಏನೋ ಶಕ್ತಿ ಸೇರಿದೆ ಅಂತ ಗಟ್ಟಿಯಾಗಿ ನಂಬಬಹುದು, ನಿದ್ದೆಯ ಅಗತ್ಯವೇ ಇಲ್ಲದ ಹಾಗೆ ಓಡಾಡಬಹುದು, ಮಾತು ತಾಳ ತಪ್ಪಬಹುದು. ತನಗೆ ಬರುವ ಯೋಚನೆ ತಪ್ಪು ಅಂತ ಅವಳಿಗೆ ಬಹಳ ಸಲ ಅನ್ನಿಸುವುದೇ ಇಲ್ಲ. ಅದು ತುರ್ತು. ಅವತ್ತೇ ಆಸ್ಪತ್ರೆಗೆ ಹೋಗಬೇಕು, ತಾಯಿ ಮಗುವನ್ನು ಒಂಟಿಯಾಗಿ ಬಿಡಬಾರದು. ನಿಮ್ಮ ಪತ್ರದಲ್ಲಿ ಇದ್ಯಾವುದೂ ಇಲ್ಲ. ನಿಮ್ಮ ಡಾಕ್ಟರ್ ನಿಮ್ಮನ್ನು ಧ್ವನಿ ಕೇಳುತ್ತಾ, ನಿದ್ದೆ ಹೇಗಿದೆ ಅಂತೆಲ್ಲ ಕೇಳಿರುತ್ತಾರೆ, ಅದು ಇದನ್ನು ನೋಡೋಕೇ. ಇನ್ನೊಂದು, ಒಸಿಡಿಯ ಜೊತೆ ಖಿನ್ನತೆ ಸೇರಿಕೊಳ್ಳೋದು ಸಾಮಾನ್ಯ. 'ನಾನು ಇರೋದಕ್ಕಿಂತ ಸತ್ತರೆ ಮಗುವಿಗೆ ಒಳ್ಳೇದು' ಅಂತ ಅನ್ನಿಸಿದರೆ ಅದನ್ನು ಒಳಗಿಟ್ಟುಕೊಳ್ಳಬೇಡಿ, ಅಣ್ಣನಿಗೆ ಹೇಳಿ, ಡಾಕ್ಟರಿಗೆ ಫೋನ್ ಮಾಡಿ. ರಾತ್ರಿ ಹೊತ್ತಾದರೆ 14416, ಟೆಲಿ ಮಾನಸ್, ಸರ್ಕಾರದ್ದು, ದುಡ್ಡಿಲ್ಲ, ಕನ್ನಡದಲ್ಲೇ ಮಾತಾಡಬಹುದು.

ಚಿಕಿತ್ಸೆ ಅಂದರೆ ಮಾತ್ರೆ ಒಂದೇ ಅಂತ ತಿಳಿಯಬೇಡಿ. ಇದಕ್ಕೆ ತುಂಬಾ ಚೆನ್ನಾಗಿ ಕೆಲಸ ಮಾಡುವ ಒಂದು ಮಾತಿನ ಚಿಕಿತ್ಸೆ ಇದೆ, ಮಾತಿಗಿಂತ ಕೆಲಸ ಜಾಸ್ತಿ ಇರುವ ಚಿಕಿತ್ಸೆ. ಇಆರ್‌ಪಿ ಅಂತಾರೆ. 1966ರಲ್ಲಿ ಲಂಡನ್ನಿನಲ್ಲಿ ವಿಕ್ಟರ್ ಮೇಯರ್ ಅನ್ನುವವರು, ಬೇರೆ ಯಾವುದೂ ನಾಟದ ಇಬ್ಬರು ರೋಗಿಗಳಿಗೆ ಇದನ್ನು ಮಾಡಿ ಗುಣ ಕಂಡರು. ಅಲ್ಲಿಯವರೆಗೆ ಒಸಿಡಿ ಅಂದರೆ ವಾಸಿಯಾಗದ ಕಾಯಿಲೆ ಅಂತಲೇ ವೈದ್ಯರು ಕೈ ಚೆಲ್ಲುತ್ತಿದ್ದರು. ವಿಧಾನ ಹೇಳೋಕೆ ಸುಲಭ: ಯಾವುದಕ್ಕೆ ಹೆದರುತ್ತೀರೋ ಅದರ ಮುಂದೆ ಸ್ವಲ್ಪ ಸ್ವಲ್ಪವಾಗಿ ಹೋಗಬೇಕು, ಹೋದಾಗ ಭಯ ಇಳಿಸೋಕೆ ಮಾಡುತ್ತಿದ್ದ ಕೆಲಸ ಮಾಡಬಾರದು, ಭಯ ತಾನಾಗಿ ಇಳಿಯುವವರೆಗೂ ಅಲ್ಲೇ ಇರಬೇಕು. ಮಾಡೋಕೆ ಕಷ್ಟ, ಅದನ್ನು ಅಲ್ಲಗಳೆಯಲ್ಲ.

ನಿಮ್ಮ ವಿಷಯದಲ್ಲಿ ಹೇಗಿರಬಹುದು ಅಂತ ಹೇಳುತ್ತೇನೆ, ಆದರೆ ಇದನ್ನು ಕಲಿತವರ ಜೊತೆ ಕೂತು ಶುರು ಮಾಡಿ, ಓದಿಕೊಂಡು ಒಬ್ಬರೇ ಹೊರಡಬೇಡಿ. ಮೊದಲು ಭಯಗಳನ್ನೆಲ್ಲ ಬರೆದು ಯಾವುದು ಕಡಿಮೆ ಯಾವುದು ಜಾಸ್ತಿ ಅಂತ ಜೋಡಿಸುತ್ತಾರೆ. ಈಳಿಗೆಮಣೆ ಅನ್ನುವ ಪದ ಬಾಯಲ್ಲಿ ಹೇಳೋದು ಸಣ್ಣದಿರಬಹುದು. ಅದನ್ನು ಅಟ್ಟದಿಂದ ಇಳಿಸಿ ಅಡುಗೆಮನೆಯ ಮೂಲೆಗೆ ಇಡೋದು ಅದಕ್ಕಿಂತ ದೊಡ್ಡದು. ಮಗು ಒಳಕೋಣೆಯಲ್ಲಿ ಮಲಗಿದ್ದಾಗ ನೀವು ಹೆಚ್ಚೋದು ಇನ್ನೂ ದೊಡ್ಡದು. ಮಗುವನ್ನು ಕಾಲ ಮೇಲೆ ಮಲಗಿಸಿಕೊಂಡು, ಅಮ್ಮ ಬಚ್ಚಲ ಬಾಗಿಲಲ್ಲಿ ನಿಂತಿರುವಾಗ, ನೀರು ಹಾಕೋದು. ಆಮೇಲೆ ಅಮ್ಮ ಹಜಾರಕ್ಕೆ ಹೋಗೋದು. ಆಮೇಲೆ ಅಂಗಡಿಗೆ ಹೋಗೋದು. ಪ್ರತಿ ಮೆಟ್ಟಿಲಲ್ಲೂ ಎದೆ ಡಬಡಬ ಅನ್ನುತ್ತೆ. ಯಾರನ್ನೂ ಕೇಳಬೇಡಿ, ಮಂತ್ರ ಹೇಳಬೇಡಿ, 'ಪ್ರೀತಿ ಇದೆಯಾ' ಅಂತ ಒಳಗೆ ಇಣುಕಬೇಡಿ. ಹತ್ತು ನಿಮಿಷವೋ ನಲವತ್ತು ನಿಮಿಷವೋ, ಇಳಿಯುತ್ತೆ. ಒಂದೊಂದು ದಿನ ಪೂರ್ತಿ ಇಳಿಯದೆಯೂ ಇರಬಹುದು, ಆದರೂ ನೀವು ಭಯ ಹೊತ್ತುಕೊಂಡೇ ಮಗುವಿಗೆ ಸ್ನಾನ ಮಾಡಿಸಿದಿರಿ, ಏನೂ ಆಗಲಿಲ್ಲ ಅನ್ನುವುದನ್ನು ಮೆದುಳು ಬರೆದಿಟ್ಟುಕೊಳ್ಳುತ್ತೆ. ಯೋಚನೆ ಬಂದರೆ 'ಬಂತು, ಬಾ, ಕೂತಿರು, ನಾನು ಸೋಪು ಹಚ್ಚುತ್ತಿದ್ದೇನೆ' ಅನ್ನುವಷ್ಟು ಜಾಗ ಅದಕ್ಕೆ ಕೊಟ್ಟುಬಿಡಿ.

ಮಾತಿನ ಚಿಕಿತ್ಸೆಯಿಂದ ಮೆದುಳೇ ಬದಲಾಗುತ್ತಾ ಅಂತ ಅನುಮಾನ ಪಡುವವರಿಗೆ ನಾನು ಒಂದು ಕೆಲಸ ನೆನಪಿಸುತ್ತೇನೆ. 1992ರಲ್ಲಿ ಕ್ಯಾಲಿಫೋರ್ನಿಯಾದ ಒಂದು ತಂಡ ಒಸಿಡಿ ಇರುವವರ ಮೆದುಳನ್ನು ಚಿಕಿತ್ಸೆಯ ಮೊದಲು ಒಂದು ಸಲ, ಆಮೇಲೆ ಒಂದು ಸಲ ಸ್ಕ್ಯಾನ್ ಮಾಡಿತು. ಕೆಲವರಿಗೆ ಮಾತ್ರೆ ಮಾತ್ರ, ಕೆಲವರಿಗೆ ಈ ಬಗೆಯ ಚಿಕಿತ್ಸೆ ಮಾತ್ರ. ಗುಣ ಕಂಡವರಲ್ಲಿ, ಯಾವ ದಾರಿಯಿಂದ ಬಂದಿದ್ದರೂ, ಮೆದುಳಿನ ಒಂದೇ ಭಾಗದ ಅತಿ ಓಡಾಟ ತಗ್ಗಿತ್ತು.

ಮಾತ್ರೆಯ ಹೆಸರು ನೀವು ಬರೆದಿಲ್ಲ. ಒಸಿಡಿಗೆ ಕೊಡೋದು ಸಾಮಾನ್ಯವಾಗಿ ಫ್ಲುಯೊಕ್ಸೆಟಿನ್, ಸರ್ಟ್ರಲಿನ್, ಫ್ಲುವೊಕ್ಸಮಿನ್, ಎಸಿಟಲೊಪ್ರಾಂ ಈ ಗುಂಪಿನದು. ಹಾಲು ಕುಡಿಸುವ ತಾಯಂದಿರಿಗೆ ನಾವು ಬಹಳ ಸಲ ಸರ್ಟ್ರಲಿನ್ ಆರಿಸಿಕೊಳ್ಳುತ್ತೇವೆ, ಯಾಕೆಂದರೆ ಅದು ಎದೆಹಾಲಿಗೆ ಹೋಗುವ ಪ್ರಮಾಣ ತುಂಬಾ ಕಡಿಮೆ. ಮಾತ್ರೆ ಶುರು ಮಾಡಿದ ಮೇಲೂ ಹಾಲು ಕೊಡಬಹುದು ಅನ್ನೋದು ಸಾಮಾನ್ಯ ಮಾತು, ಆದರೆ ನೀವು ಹಾಲು ಕುಡಿಸುತ್ತಿದ್ದೀರಿ ಅಂತ ಡಾಕ್ಟರಿಗೆ ಬಾಯಿ ಬಿಟ್ಟು ಹೇಳಿದ್ದೀರಾ? ಹೇಳಿರದಿದ್ದರೆ ಇವತ್ತೇ ಹೇಳಿ, ಮಗು ಹುಟ್ಟುವಾಗ ದಿನ ತುಂಬಿತ್ತಾ, ತೂಕ ಎಷ್ಟು ಅನ್ನೋದನ್ನೂ ಹೇಳಿ. ಭಯದಿಂದ ಮಾತ್ರೆಯನ್ನಾಗಲಿ ಹಾಲನ್ನಾಗಲಿ ನಿಮ್ಮಷ್ಟಕ್ಕೆ ನಿಲ್ಲಿಸಬೇಡಿ.

ಇವು ನಿದ್ದೆ ಮಾತ್ರೆ ಅಲ್ಲ, ಚಟ ಹಿಡಿಯಲ್ಲ. ಆದರೆ ತಾಳ್ಮೆ ಬೇಕು. ಮೊದಲ ಒಂದೆರಡು ವಾರ ಹೊಟ್ಟೆ ತೊಳೆಸಿದ ಹಾಗೆ, ಸ್ವಲ್ಪ ಚಡಪಡಿಕೆ ಆಗಬಹುದು, ಗುಣ ಮಾತ್ರ ಕಾಣಲ್ಲ. ಅಲ್ಲೇ ಬಹಳ ಜನ ಬಿಟ್ಟುಬಿಡುತ್ತಾರೆ, ನನಗೆ ಅದು ತುಂಬಾ ನೋವಿನ ಸಂಗತಿ. ಒಸಿಡಿಯಲ್ಲಿ ಈ ಮಾತ್ರೆ ನಾಟಿತಾ ಇಲ್ವಾ ಅಂತ ಹೇಳೋಕೆ ಸರಿಯಾದ ಪ್ರಮಾಣದಲ್ಲಿ ಎಂಟರಿಂದ ಹನ್ನೆರಡು ವಾರ ಬೇಕು, ಮತ್ತೆ ಖಿನ್ನತೆಗೆ ಕೊಡುವುದಕ್ಕಿಂತ ಜಾಸ್ತಿ ಪ್ರಮಾಣ ಬೇಕಾಗಬಹುದು. ಹಾಗಾಗಿ ಡಾಕ್ಟರ್ ಮುಂದಿನ ಸಲ ಡೋಸ್ ಏರಿಸಿದರೆ 'ನನಗೆ ಜಾಸ್ತಿ ಆಗಿಬಿಟ್ಟಿದೆ' ಅಂತ ಗಾಬರಿಯಾಗಬೇಡಿ. ಗುಣ ಕಂಡಮೇಲೂ ಒಂದೆರಡು ವರ್ಷ ಮುಂದುವರಿಸಿ ನಿಧಾನಕ್ಕೆ ಇಳಿಸೋದು ರೂಢಿ. ಒಂದು ಮಾತ್ರೆ ನಾಟದಿದ್ದರೆ ಇನ್ನೊಂದು ಇದೆ, ಕ್ಲೋಮಿಪ್ರಮಿನ್ ಅನ್ನುವ ಹಳೆಯ ಮಾತ್ರೆಯೂ ಇದೆ.

ನಿಮಗೆ ಹತ್ತಿರ ಧಾರವಾಡದ ಡಿಮ್ಹಾನ್ಸ್, ಸರ್ಕಾರಿ ಮಾನಸಿಕ ಆಸ್ಪತ್ರೆ. ಬೆಂಗಳೂರಿಗೆ ಬರೋಕೆ ಆಗುತ್ತೆ ಅಂದರೆ ನಿಮ್ಹಾನ್ಸಿನಲ್ಲಿ ಒಸಿಡಿಗೇ ಬೇರೆ ಕ್ಲಿನಿಕ್ ಇದೆ. ಕಾಯಿಲೆ ಜೋರಾಗಿರುವ ತಾಯಂದಿರು ಮಗುವಿನ ಜೊತೆಗೇ ದಾಖಲಾಗಿ ಚಿಕಿತ್ಸೆ ಪಡೆಯುವ ವಿಭಾಗವೂ ಅಲ್ಲಿದೆ. ನಿಮಗೆ ದಾಖಲಾಗುವ ಅಗತ್ಯ ಇದೆ ಅಂತ ಹೇಳುತ್ತಿಲ್ಲ. ತಾಯಿಗೆ ಚಿಕಿತ್ಸೆ ಅಂದರೆ ಮಗುವನ್ನು ದೂರ ಮಾಡ್ತಾರೆ ಅನ್ನುವ ಹೆದರಿಕೆ ನಿಮ್ಮ ಅಮ್ಮನಿಗೆ ಇದ್ದರೆ ಅದಕ್ಕೆ ಇದು ಉತ್ತರ. ಈಗಿರುವ ಡಾಕ್ಟರ್ ಹತ್ತಿರವೇ 'ಇಆರ್‌ಪಿ ಮಾಡುವ ಮನಶ್ಶಾಸ್ತ್ರಜ್ಞರು ಯಾರಿದ್ದಾರೆ' ಅಂತ ಕೇಳಿ, ಜಿಲ್ಲಾಸ್ಪತ್ರೆಯ ಮಾನಸಿಕ ಆರೋಗ್ಯ ವಿಭಾಗದಲ್ಲೂ ವಿಚಾರಿಸಿ.

ಈ ಪತ್ರವನ್ನು ನಿಮ್ಮ ಯಜಮಾನರಿಗೆ ಓದೋಕೆ ಕೊಡಿ, ಇಲ್ಲಿಂದ ನಾಲ್ಕು ಮಾತು ಅವರಿಗೆ. ನೀವು ಉತ್ತರ ಕೊಡುತ್ತಿರೋದು ಪ್ರೀತಿಯಿಂದ ಅಂತ ನನಗೆ ಗೊತ್ತು. ಆದರೆ ಆ ಉತ್ತರ ಹೆಂಡತಿಗೆ ಮುಟ್ಟುವ ಮೊದಲು ಕಾಯಿಲೆ ಅದನ್ನು ತಿಂದುಬಿಡುತ್ತೆ. ಹಾಗಂತ ನಾಳೆಯಿಂದ ಫೋನ್ ಎತ್ತಬೇಡಿ ಅಂತಲ್ಲ, ಬೈಯಬೇಡಿ, 'ಮತ್ತೆ ಅದೇ ರಾಗ' ಅನ್ನಬೇಡಿ. ಇಬ್ಬರೂ ಕೂತು ಮೊದಲೇ ಮಾತಾಡಿಕೊಳ್ಳಿ. ಆಮೇಲೆ ಆ ಪ್ರಶ್ನೆ ಬಂದಾಗ 'ಇದು ಒಸಿಡಿ ಕೇಳ್ತಿರೋ ಪ್ರಶ್ನೆ, ಅದಕ್ಕೆ ಉತ್ತರ ಕೊಡಲ್ಲ ಅಂತ ನಾವಿಬ್ಬರೂ ಮಾತಾಡಿಕೊಂಡಿದ್ವಿ. ಭಯ ಆಗ್ತಿದೆ ಅಲ್ವಾ, ನಾನು ಲೈನಲ್ಲೇ ಇರ್ತೀನಿ, ಮಗು ಏನು ಮಾಡ್ತಿದೆ ಹೇಳು' ಅನ್ನಿ. ಹದಿನೈದು ಇದ್ದದ್ದು ಹತ್ತಾಗಲಿ, ಐದಾಗಲಿ. ಅಮ್ಮನಿಗೂ ಇದನ್ನೇ ಹೇಳಿಕೊಡಿ. ಅವರು ತಾಯಿತ ಕಟ್ಟಿದ್ದಕ್ಕೆ ನನ್ನ ತಕರಾರಿಲ್ಲ, ಅದು ಅವರ ಮಮತೆ. ತಾಯಿತ ಕಟ್ಟಿದೆವಲ್ಲ ಇನ್ನು ಮಾತ್ರೆ ಯಾಕೆ ಅಂದರೆ ಮಾತ್ರ ಒಪ್ಪಬೇಡಿ.

ಇನ್ನು ಗಂಡನ ಮನೆಗೆ ಹೋಗಲಾ ಅನ್ನುವ ಪ್ರಶ್ನೆ. ಹೋಗಿ. 'ಪೂರ್ತಿ ಗುಣ ಆದಮೇಲೆ ಹೋಗ್ತೀನಿ' ಅಂತ ಮುಂದೂಡಿದರೆ ಅದೂ ಈಳಿಗೆಮಣೆ ಅಟ್ಟಕ್ಕೆ ಹಾಕಿದ ಹಾಗೇ ಆಗುತ್ತೆ. ಆದರೆ ಒಂದೇ ಏಟಿಗೆ ಇಡೀ ಹಗಲು ಒಬ್ಬರೇ ಇರುವ ಹಾಗೆ ಹೋಗಬೇಡಿ, ಇರುವ ಒಂದು ತಿಂಗಳನ್ನು ಬಳಸಿಕೊಳ್ಳಿ. ಈ ವಾರದಲ್ಲೇ ಡಾಕ್ಟರನ್ನು ಇನ್ನೊಮ್ಮೆ ಕಂಡು ಹೋಗುವ ತಾರೀಖು ಹೇಳಿ, ಅವರ ಜೊತೆ ಕೂತು ಮೆಟ್ಟಿಲುಗಳನ್ನು ಬರೆದುಕೊಳ್ಳಿ. ಅವರು ಒಪ್ಪಿದರೆ ಮೊದಲ ಮೆಟ್ಟಿಲನ್ನು ತವರಲ್ಲೇ ಹತ್ತಿ, ಅಮ್ಮ ಮನೆಯಲ್ಲಿರುವಾಗ. ಅಲ್ಲಿಗೆ ಹೋದ ಮೊದಲ ಎರಡು ವಾರ ಅಮ್ಮನೋ ಅತ್ತೆಯೋ ಜೊತೆಗಿರಲಿ, ಆಮೇಲೆ ಬೆಳಿಗ್ಗೆ ಒಂದು ಗಂಟೆ ನೀವು ಮಗು ಇಬ್ಬರೇ, ಆಮೇಲೆ ಎರಡು ಗಂಟೆ. ಆ ಹೊತ್ತಲ್ಲಿ ಮಗುವಿಗೆ ಹಾಲು ಕೊಡಿ, ಬಟ್ಟೆ ಮಡಚಿ, ತರಕಾರಿ ಹೆಚ್ಚಿ. ಯೋಚನೆ ಬರುತ್ತೆ, ಬರಲಿ. ಹೋಗುವಾಗ ಸಾಮಾನಿನ ಜೊತೆ ಈಳಿಗೆಮಣೆಯನ್ನೂ ಕಟ್ಟಿಸಿಕೊಂಡು ಹೋಗಿ, ಅಲ್ಲಿ ಅಡುಗೆಮನೆಯಲ್ಲಿ ಅದರ ಜಾಗದಲ್ಲೇ ಇಡಿ.